ಪಿಎಫ್ ದುಡ್ಡಿಗಾಗಿ ಹೊಸೂರು ರಸ್ತೆ ನಿಲ್ಲಿಸಿದವರು

2016ರ ಏಪ್ರಿಲ್ 18, ಸೋಮವಾರ. ಬೊಮ್ಮನಹಳ್ಳಿ ಹತ್ತಿರ ಹೊಸೂರು ರಸ್ತೆ ಪೂರ್ತಿ ನಿಂತುಹೋಯಿತು. ಗಾರ್ಮೆಂಟ್ಸ್ ಹೆಣ್ಣುಮಕ್ಕಳು ಮಷೀನು ಬಿಟ್ಟು ಹೊರಗೆ ಬಂದು ರಸ್ತೆಯಲ್ಲಿ ಕೂತಿದ್ದರು. ಮುಂದೆ ನಿಂತು ಮಾತಾಡುವ ನಾಯಕರಿರಲಿಲ್ಲ, ಮೈಕ್ ಇರಲಿಲ್ಲ, ಯಾವ ಯೂನಿಯನ್ನೂ ಕರೆ ಕೊಟ್ಟಿರಲಿಲ್ಲ. ಮರುದಿನ ಅದು ಪೀಣ್ಯ, ಜಾಲಹಳ್ಳಿ ಕ್ರಾಸ್, ತುಮಕೂರು ರಸ್ತೆಗೂ ಹರಡಿತು. ಬಸ್ಸಿಗೆ ಬೆಂಕಿ ಬಿತ್ತು, ಹೆಬ್ಬಗೋಡಿ ಪೊಲೀಸ್ ಠಾಣೆಯಲ್ಲಿ ನಿಲ್ಲಿಸಿದ್ದ ವಾಹನಗಳು ಸುಟ್ಟವು, ಲಾಠಿ ಬೀಸಿದರು, ಅಶ್ರುವಾಯು ಸಿಡಿಸಿದರು. ಆ ಸಂಜೆಯ ಹೊತ್ತಿಗೆ ದಿಲ್ಲಿಯಲ್ಲಿ ಕೇಂದ್ರ ಕಾರ್ಮಿಕ ಸಚಿವ ಬಂಡಾರು ದತ್ತಾತ್ರೇಯ ಅವರು ಪಿಎಫ್ (ಭವಿಷ್ಯ ನಿಧಿ) ದುಡ್ಡಿನ ಹೊಸ ನಿಯಮವನ್ನೇ ವಾಪಸ್ ತೆಗೆದುಕೊಂಡಿದ್ದಾಗಿ ಹೇಳಬೇಕಾಯಿತು.

ಎರಡೇ ದಿನ. ತಿಂಗಳಿಗೆ ಏಳೆಂಟು ಸಾವಿರ ಸಂಬಳದ ಹೆಂಗಸರು ಎರಡು ದಿನದಲ್ಲಿ ಇಡೀ ದೇಶದ ನಿಯಮವೊಂದನ್ನು ವಾಪಸ್ ತೆಗೆಸಿದರು. ಇದನ್ನು ನಾವು ಎಷ್ಟು ಬೇಗ ಮರೆತೆವು ಅನ್ನೋದು ನನಗೆ ಈಗಲೂ ಸಂಕಟದ ವಿಷಯ. ಆ ವಾರ ಟಿವಿಯಲ್ಲಿ ಬಂದದ್ದೆಲ್ಲ ಟ್ರಾಫಿಕ್ ಜಾಮಿನ ಸುದ್ದಿ, ಐಟಿ ಕಂಪನಿಯ ಕ್ಯಾಬುಗಳು ಸಿಕ್ಕಿಹಾಕಿಕೊಂಡ ಸುದ್ದಿ.

ನಿಯಮ ಏನಿತ್ತು ಅಂತ ಮೊದಲು ಹೇಳಿಬಿಡುತ್ತೇನೆ. ಪಿಎಫ್‌ಗೆ ನಮ್ಮ ಸಂಬಳದಲ್ಲಿ ಶೇ 12 ಹಿಡಿಯುತ್ತಾರೆ. ಕಂಪನಿಯೂ ಶೇ 12 ಹಾಕಬೇಕು. ಅದರಲ್ಲಿ ಶೇ 8.33 ಪಿಂಚಣಿಗೆ ಹೋಗಿ, ಉಳಿದ ಶೇ 3.67 ನಮ್ಮ ಖಾತೆಗೆ ಬೀಳುತ್ತದೆ. ಕೆಲಸ ಬಿಟ್ಟು ಎರಡು ತಿಂಗಳು ಕಾದರೆ ಎರಡೂ ಸೇರಿ ಕೈಗೆ ಬರುತ್ತಿತ್ತು. 2016ರ ಫೆಬ್ರವರಿಯಲ್ಲಿ ಬಂದ ಅಧಿಸೂಚನೆ ಹೇಳಿದ್ದು ಇಷ್ಟು: ನಿಮ್ಮ ಪಾಲು ಮಾತ್ರ ತಗೊಳ್ಳಿ, ಕಂಪನಿ ಪಾಲಿಗೆ 58 ವರ್ಷ ಆಗುವ ತನಕ ಕಾಯಿರಿ. ಕಾಗದದ ಮೇಲೆ ಇದು ಒಳ್ಳೆಯ ಮಾತೇ, ವಯಸ್ಸಾದ ಕಾಲಕ್ಕೆ ಆಸರೆಯಾಗಲಿ ಅನ್ನುವ ಉದ್ದೇಶ. ಆದರೆ ಗಾರ್ಮೆಂಟ್ಸ್‌ನಲ್ಲಿ 58ರ ತನಕ ಮಷೀನು ತುಳಿಯುವವರು ಯಾರಿದ್ದಾರೆ? ನಲವತ್ತು ದಾಟುತ್ತಿದ್ದಂತೆ ಕಣ್ಣು, ಸೊಂಟ ಕೈಕೊಡುತ್ತವೆ. ಟಾರ್ಗೆಟ್ ಮುಟ್ಟದವಳನ್ನು ಯಾರೂ ಇಟ್ಟುಕೊಳ್ಳುವುದಿಲ್ಲ.

ನಮ್ಮ ಚಿಕ್ಕಮ್ಮ ಮಂಡ್ಯ ಕಡೆಯವರು. ಚಿಕ್ಕಪ್ಪ ತೀರಿಕೊಂಡ ಮೇಲೆ ಎರಡು ಮಕ್ಕಳನ್ನು ಕಟ್ಟಿಕೊಂಡು ಬೆಂಗಳೂರಿಗೆ ಬಂದು, ಮೈಸೂರು ರಸ್ತೆಯ ಒಂದು ಫ್ಯಾಕ್ಟರಿಯಲ್ಲಿ ಹೆಲ್ಪರ್ ಆಗಿ ಸೇರಿ, ಆಮೇಲೆ ಟೈಲರ್ ಆದವರು. ಅವರ ಮನೆಯ ದೊಡ್ಡ ಖರ್ಚುಗಳೆಲ್ಲ ನಡೆದದ್ದು ಪಿಎಫ್ ದುಡ್ಡಿನಲ್ಲಿ. ಮಗಳ ಪಿಯುಸಿ ಫೀಸು, ಊರಿನ ಮನೆಯ ಶೀಟು, ಸಂಘದ ಸಾಲದ ಕೊನೆಯ ಕಂತು. ನಾಲ್ಕೈದು ವರ್ಷಕ್ಕೊಮ್ಮೆ ಕೆಲಸ ಬಿಡುವುದು, ಸೆಟಲ್‌ಮೆಂಟ್ ತಗೊಳ್ಳುವುದು, ಪಕ್ಕದ ಫ್ಯಾಕ್ಟರಿಗೆ ಹೊಸದಾಗಿ ಸೇರುವುದು. ಹೀಗೆ ಬಿಟ್ಟಾಗೆಲ್ಲ ಐದು ವರ್ಷ ತುಂಬದೆ, ಫ್ಯಾಕ್ಟರಿ ಕೊನೆಗೆ ಕೊಡಬೇಕಾದ ಗ್ರ್ಯಾಚುಟಿ ಹೋಗುತ್ತದೆ ಅಂತ ಅವರಿಗೂ ಗೊತ್ತು. ಫ್ಯಾಕ್ಟರಿಗಳಿಗೆ ಇನ್ನೂ ಚೆನ್ನಾಗಿ ಗೊತ್ತು. ಆದರೆ ಸಾಲಗಾರ ಬಾಗಿಲಿಗೆ ಬಂದಾಗ ಮುಂದಿನ ವರ್ಷದ ಗ್ರ್ಯಾಚುಟಿ ತೋರಿಸೋಕೆ ಆಗಲ್ಲ, ಅಲ್ವಾ? ಬ್ಯಾಂಕಿನವರು ಇಂಥವರಿಗೆ ಸಾಲ ಕೊಡುವುದಿಲ್ಲ. ಹಾಗಾಗಿ ಪಿಎಫ್ ಅಂದರೆ ಅವರಿಗೆ ವೃದ್ಧಾಪ್ಯದ ದುಡ್ಡಲ್ಲ, ಅದೊಂದೇ ಉಳಿತಾಯ.

ಆ ದಿನಗಳಲ್ಲಿ ಚಿಕ್ಕಮ್ಮ ಫೋನಿನಲ್ಲಿ ಹೇಳಿದ ಮಾತು ನನಗೆ ಚೆನ್ನಾಗಿ ನೆನಪಿದೆ. "ಸಂಬ್ಳ ಜಾಸ್ತಿ ಕೊಡಿ ಅಂತ ನಾವೇನ್ ಕೇಳ್ಲಿಲ್ಲ ಕಣವ್ವ. ನಮ್ ದುಡ್ಡು ನಮಗ್ ಕೊಡಿ ಅಂದ್ವಿ. ಅಷ್ಟಕ್ಕೇ ಹೊಡುದ್ರು."

ಜಾಗತೀಕರಣ ಅನ್ನುವ ದೊಡ್ಡ ಮಾತನ್ನು ನಾನು ಅರ್ಥ ಮಾಡಿಕೊಂಡದ್ದು ಚಿಕ್ಕಮ್ಮನ ಕೆಲಸ ನೋಡಿ. ಒಂದು ಫುಲ್ ಶರ್ಟು ತಗೊಳ್ಳಿ. ಅದನ್ನು ಒಬ್ಬರು ಹೊಲಿಯುವುದಿಲ್ಲ. ಕಾಲರಿಗೇ ಎಷ್ಟು ಕೆಲಸ ನೋಡಿ: ಬಟ್ಟೆಗೆ ಲೈನಿಂಗ್ ಅಂಟಿಸಬೇಕು, ಎರಡು ಪದರ ಸೇರಿಸಿ ರನ್ ಸ್ಟಿಚ್ ಹಾಕಬೇಕು, ಅಂಚು ಕತ್ತರಿಸಬೇಕು, ಮಗುಚಿ ಮೂಲೆಯ ಚೂಪು ಎಬ್ಬಿಸಬೇಕು, ಮೇಲೆ ಟಾಪ್ ಸ್ಟಿಚ್, ಆಮೇಲೆ ಬ್ಯಾಂಡ್, ಕೊನೆಗೆ ಶರ್ಟಿಗೆ ಕೂರಿಸುವುದು. ಒಬ್ಬೊಬ್ಬರದು ಒಂದೊಂದೇ ಕೆಲಸ. ಬೆಳಗ್ಗೆಯಿಂದ ಸಂಜೆವರೆಗೆ ಅದೇ. ಒಂದೊಂದಕ್ಕೂ ಇಷ್ಟು ನಿಮಿಷ ಅಂತ ಎಂಜಿನಿಯರುಗಳು ಗಡಿಯಾರ ಹಿಡಿದು ಲೆಕ್ಕ ಕಟ್ಟಿರುತ್ತಾರೆ. ಅರ್ಧ ನಿಮಿಷದ ಕೆಲಸವಾದರೆ ಗಂಟೆಗೆ 120 ಪೀಸು. ನೀರು ಕುಡಿಯಲು ಎದ್ದರೆ ನಾಲ್ಕೈದು ಪೀಸು ಕಡಿಮೆ. ಬಾತ್‌ರೂಮಿಗೆ ಹೋದರೆ ಇನ್ನೂ ಜಾಸ್ತಿ. ಲೈನಿನ ಕೊನೆಯಲ್ಲಿ ಬೋರ್ಡು ಇರುತ್ತದೆ, ಗಂಟೆಗಂಟೆಗೂ ಅಲ್ಲಿ ನಂಬರು ಬರೆಯುತ್ತಾರೆ. ನಂಬರು ಕಡಿಮೆಯಾದರೆ ಸೂಪರ್‌ವೈಸರ್ ಬಾಯಿಂದ ಬರುವ ಮಾತು ಇಲ್ಲಿ ಬರೆಯುವಂಥದ್ದಲ್ಲ. ಮನೆಯಿಂದ ಬಾಟಲಿ ತುಂಬ ನೀರು ತಂದು, ಅದನ್ನು ಹಾಗೇ ವಾಪಸ್ ತೆಗೆದುಕೊಂಡು ಹೋಗುವ ಹೆಂಗಸರನ್ನು ನಾನು ನೋಡಿದ್ದೇನೆ. ಕುಡಿದರೆ ತಾನೆ ಎದ್ದು ಹೋಗಬೇಕು.

ಹಾಗಂತ ಆ ಸೂಪರ್‌ವೈಸರ್ ಒಬ್ಬನೇ ಕೆಟ್ಟವನು ಅಂದುಕೊಂಡರೆ ವಿಷಯ ಕೈತಪ್ಪುತ್ತದೆ. ಅವನ ಮೇಲೆ ಫ್ಲೋರ್ ಇನ್‌ಚಾರ್ಜ್, ಅವನ ಮೇಲೆ ಮ್ಯಾನೇಜರ್, ಆ ಮ್ಯಾನೇಜರ್ ಮೇಲೆ ಹಡಗಿನ ದಿನಾಂಕ. ಬಯರ್ ಅನ್ನುವವನು ಎಲ್ಲೋ ಯುರೋಪಿನಲ್ಲೋ ಅಮೆರಿಕದಲ್ಲೋ ಕೂತು ಈ ಶರ್ಟಿಗೆ ಇಷ್ಟೇ ಕೊಡುವುದು ಅಂತ ತೀರ್ಮಾನಿಸಿರುತ್ತಾನೆ. ಒಪ್ಪದಿದ್ದರೆ ಢಾಕಾ ಇದೆ, ವಿಯೆಟ್ನಾಂ ಇದೆ, ಇಥಿಯೋಪಿಯಾ ಇದೆ. ಹತ್ತಿಯ ಬೆಲೆ, ಕರೆಂಟಿನ ಬೆಲೆ, ಹಡಗಿನ ಬಾಡಿಗೆ ಇವೆಲ್ಲ ಫ್ಯಾಕ್ಟರಿಯವರ ಕೈಯಲ್ಲಿಲ್ಲ. ಬಗ್ಗಿಸಲು ಸಿಗುವುದು ಒಂದೇ, ಹೊಲಿಯುವವಳ ಕೂಲಿ ಮತ್ತು ಅವಳ ವೇಗ. ಮೇಲಿನಿಂದ ಬಂದ ಒತ್ತಡವೆಲ್ಲ ಮೆಟ್ಟಿಲು ಮೆಟ್ಟಿಲು ಇಳಿದು ಕೊನೆಗೆ ಅವಳ ಬೆನ್ನಿಗೆ ಬರುತ್ತದೆ.

ಇದಕ್ಕೊಂದು ಚರಿತ್ರೆ ಇದೆ. 1974ರಿಂದ ಜಗತ್ತಿನ ಬಟ್ಟೆ ವ್ಯಾಪಾರ ಕೋಟಾ ಮೇಲೆ ನಡೆಯುತ್ತಿತ್ತು. ಯಾವ ದೇಶ ಶ್ರೀಮಂತ ದೇಶಗಳಿಗೆ ಎಷ್ಟು ಬಟ್ಟೆ ಕಳಿಸಬಹುದು ಅಂತ ಮಿತಿ ಇತ್ತು. ಉರುಗ್ವೆ ಸುತ್ತು ಅಂತ ಕರೆಯುವ ದೇಶದೇಶಗಳ ವ್ಯಾಪಾರದ ಮಾತುಕತೆ ಮುಗಿದು 1995ರಲ್ಲಿ ವಿಶ್ವ ವ್ಯಾಪಾರ ಸಂಸ್ಥೆ ಬಂದಾಗ ಆ ಕೋಟಾಗಳನ್ನು ಹತ್ತು ವರ್ಷದಲ್ಲಿ ತೆಗೆಯುವುದು ಅಂತಾಯಿತು. 2005ರ ಜನವರಿ 1ಕ್ಕೆ ಅವು ಪೂರ್ತಿ ಹೋದವು. ಬೆಂಗಳೂರಿನ ಗಾರ್ಮೆಂಟ್ಸ್ ಆ ವರ್ಷಗಳಲ್ಲಿ ಹೇಗೆ ಬೆಳೆಯಿತು ಅಂತ ಪೀಣ್ಯ, ಬೊಮ್ಮಸಂದ್ರದವರಿಗೆ ನಾನು ಹೇಳಬೇಕಿಲ್ಲ. ಇವತ್ತು ರಾಜ್ಯದಲ್ಲಿ ನಾಲ್ಕು ಲಕ್ಷಕ್ಕೂ ಹೆಚ್ಚು ಜನ ಈ ಕೆಲಸದಲ್ಲಿದ್ದಾರೆ, ಬಹುಪಾಲು ಹೆಣ್ಣುಮಕ್ಕಳು.

ಅದೇ ಉರುಗ್ವೆ ಸುತ್ತಿನ ವಿರುದ್ಧ ನಮ್ಮ ರೈತ ಸಂಘ ಬೀದಿಗಿಳಿದಿತ್ತು. ಆ ಮಾತುಕತೆಯ ಒಪ್ಪಂದಕ್ಕೆ ಬರೆದಿದ್ದ ಡಂಕೆಲ್ ಕರಡು ಅನ್ನುವ ಮಾತು ಹಳ್ಳಿಯ ಟೀ ಅಂಗಡಿಯಲ್ಲಿ ಕೇಳಿಬರುತ್ತಿದ್ದ ಕಾಲ ಅದು. ಪ್ರೊಫೆಸರ್ ಎಂ.ಡಿ. ನಂಜುಂಡಸ್ವಾಮಿ ಅವರ ಜೊತೆಗಿದ್ದ ರೈತರು 1992ರ ಡಿಸೆಂಬರಿನಲ್ಲಿ ಬೆಂಗಳೂರಿನ ಕಾರ್ಗಿಲ್ ಬೀಜ ಕಂಪನಿಯ ಕಚೇರಿಗೆ ನುಗ್ಗಿ ಕಾಗದಪತ್ರ ಸುಟ್ಟರು. 1996ರ ಜನವರಿ 30ರಂದು ಬ್ರಿಗೇಡ್ ರಸ್ತೆಯ ಕೆಎಫ್‌ಸಿ ಮೇಲೆ ದಾಳಿ ಮಾಡಿದರು. 1998ರಲ್ಲಿ ರಾಯಚೂರು ಜಿಲ್ಲೆಯಲ್ಲಿ ಬಿಟಿ ಹತ್ತಿಯ ಪ್ರಯೋಗದ ಹೊಲಗಳನ್ನು ಸುಟ್ಟರು. 1999ರಲ್ಲಿ ನೂರಾರು ರೈತರು ಹಸಿರು ಶಾಲು ಹೊದ್ದು ಯುರೋಪಿಗೇ ಹೋಗಿ ಅಲ್ಲಿನ ಬೀದಿಗಳಲ್ಲಿ ಮೆರವಣಿಗೆ ಮಾಡಿದರು. ಇಂಗ್ಲಿಷ್ ಬಾರದ ನಮ್ಮ ರೈತರು ವಿಶ್ವ ವ್ಯಾಪಾರ ಸಂಸ್ಥೆಯ ಕಚೇರಿ ಇರುವ ಜಿನೀವಾದಲ್ಲಿ ನಿಂತು ಈ ಒಪ್ಪಂದ ನಮಗೆ ಬೇಡ ಅಂದದ್ದು ಸಣ್ಣ ವಿಷಯವಲ್ಲ.

ಒಂದೇ ಮಾತುಕತೆಯ ಒಂದು ಕಡತ ಅಪ್ಪನ ಹೊಲಕ್ಕೆ ಬಂತು, ಇನ್ನೊಂದು ಕಡತ ಮಗಳ ಮಷೀನಿಗೆ ಬಂತು. ಮಂಡ್ಯ, ರಾಮನಗರ, ತುಮಕೂರು ಕಡೆಯ ಎಷ್ಟೋ ಮನೆಗಳಲ್ಲಿ ಇದು ಅಕ್ಷರಶಃ ನಿಜ. ನಮ್ಮ ತಾತ ಹಸಿರು ಶಾಲು ಹಾಕಿಕೊಂಡು ರೈತ ಸಂಘದ ಸಭೆಗೆ ಹೋಗುತ್ತಿದ್ದವರು. ಅವರ ಸೊಸೆ, ಅಂದರೆ ನಮ್ಮ ಚಿಕ್ಕಮ್ಮ, ಕುತ್ತಿಗೆಗೆ ಕಂಪನಿಯ ಐಡಿ ಕಾರ್ಡು ಹಾಕಿಕೊಂಡು ಹೊರಗಿನವರಿಗೆ ಶರ್ಟು ಹೊಲಿದರು.

ಅವರಿಬ್ಬರ ಪ್ರತಿರೋಧವೂ ಬೇರೆ ಬೇರೆ. ತಾತನವರ ಕಾಲದವರು ಕಂಪನಿಗೆ "ಬರಬೇಡ" ಅಂದರು. ಅವರಿಗೆ ಹಾಗೆ ಹೇಳಲು ಕಾಲ ಕೆಳಗೆ ಎರಡು ಎಕರೆಯಾದರೂ ನೆಲ ಇತ್ತು. ಚಿಕ್ಕಮ್ಮನಿಗೆ ಆ ಮಾತು ಹೇಳೋಕೆ ಆಗುವುದಿಲ್ಲ. ಕಂಪನಿ ಹೋದರೆ ಬಾಡಿಗೆ ಕಟ್ಟುವುದು ಹೇಗೆ? ಅವರಿಗೆ ಆ ಕೆಲಸದ ಮೇಲೆ ದ್ವೇಷವೂ ಇಲ್ಲ. ಊರಲ್ಲಿದ್ದಾಗ ಬಾವಂದಿರ ಮುಂದೆ ಐವತ್ತು ರೂಪಾಯಿಗೂ ಕೈಚಾಚಬೇಕಿತ್ತು. ಇಲ್ಲಿ ತಿಂಗಳ ಏಳನೇ ತಾರೀಖು ಎಟಿಎಮ್ಮಿಗೆ ಹೋಗಿ ತಮ್ಮ ಹೆಸರಿನ ಖಾತೆಯಿಂದ ದುಡ್ಡು ತೆಗೆಯುತ್ತಾರೆ. ಮಗಳನ್ನು ಓದಿಸಬೇಕು ಅಂತ ತಾವೇ ತೀರ್ಮಾನ ಮಾಡಿದರು. ಗಂಡ ಬಿಟ್ಟವರು, ಗಂಡ ಕುಡಿಯುವವರು, ಗಂಡ ಇಲ್ಲದವರು ಈ ಊರಿನಲ್ಲಿ ತಲೆ ಎತ್ತಿ ಬದುಕುತ್ತಿದ್ದರೆ ಅದಕ್ಕೆ ಗಾರ್ಮೆಂಟ್ಸ್ ಕೂಡ ಒಂದು ಕಾರಣ. ಜಾಗತೀಕರಣವನ್ನು ಬೈಯುವವರು ಎಷ್ಟೋ ಸಲ ಇದನ್ನು ನೋಡುವುದೇ ಇಲ್ಲ, ಹೊಗಳುವವರು ಇದನ್ನು ಮಾತ್ರ ನೋಡುತ್ತಾರೆ. ಕೆಲಸ ಬೇಕು, ಆದರೆ ಕಷ್ಟವೆಲ್ಲ ನನ್ನೊಬ್ಬಳ ತಲೆಗೇ ಬರಬಾರದು. ಈ ಹೆಂಗಸರ ವಾದ ಇಷ್ಟೇ, ನನ್ನ ಪ್ರಕಾರ ಇದಕ್ಕಿಂತ ನ್ಯಾಯವಾದ ವಾದ ಇನ್ನೊಂದಿಲ್ಲ.

ಅದನ್ನು ಕೇಳಿಸಿಕೊಳ್ಳಬೇಕಾದವನು ಎಲ್ಲಿದ್ದಾನೆ ಅನ್ನುವುದೇ ಕಷ್ಟ. 2020ರ ಕೊರೊನಾ ಕಾಲ ನೆನಪು ಮಾಡಿಕೊಳ್ಳಿ. ಮಾರ್ಚಿನಲ್ಲಿ ದೊಡ್ಡ ದೊಡ್ಡ ಬ್ರ್ಯಾಂಡುಗಳು ಆರ್ಡರ್ ರದ್ದು ಮಾಡಿದವು, ಹೊಲಿದು ಮುಗಿದ ಮಾಲಿಗೂ ದುಡ್ಡು ಕೊಡಲ್ಲ ಅಂದವು. ಅದೇ ವರ್ಷ ಜೂನಿನಲ್ಲಿ ಶ್ರೀರಂಗಪಟ್ಟಣದ ಒಂದು ಫ್ಯಾಕ್ಟರಿಯಲ್ಲಿ ಸಾವಿರದ ಇನ್ನೂರಕ್ಕೂ ಹೆಚ್ಚು ಜನರನ್ನು ಕೆಲಸದಿಂದ ತೆಗೆದರು. ಮಷೀನುಗಳನ್ನು ಸಾಗಿಸುತ್ತಿದ್ದುದನ್ನು ಕಂಡ ಹೆಂಗಸರು ಅಲ್ಲೇ ಧರಣಿ ಕೂತರು. ವಾರಗಟ್ಟಲೆ ಕೂತರು. ಆ ಕಂಪನಿಗೆ ಬೇರೆ ಘಟಕಗಳೂ ಇದ್ದವು, ಆದರೆ ಮುಚ್ಚಿದ್ದು ಯೂನಿಯನ್ ಗಟ್ಟಿಯಾಗಿದ್ದ ಘಟಕವನ್ನು. ಅಲ್ಲಿ ಹೊಲಿಯುತ್ತಿದ್ದದ್ದು ಸ್ವೀಡನ್ನಿನ ಬ್ರ್ಯಾಂಡು ಎಚ್ ಅಂಡ್ ಎಂ ಬಟ್ಟೆ, ಹಾಗಾಗಿ ಯೂನಿಯನ್ ಮಾತು ಬೆಂಗಳೂರಿನಲ್ಲೇ ನಿಲ್ಲದೆ ಸ್ವೀಡನ್ನಿನ ತನಕ ಹೋಯಿತು. ಕೊನೆಗೆ 2021ರ ಫೆಬ್ರವರಿಯಲ್ಲಿ ಕಂಪನಿ ಮತ್ತು ಗಾರ್ಮೆಂಟ್ಸ್ ಯೂನಿಯನ್ ನಡುವೆ ಒಪ್ಪಂದ ಆಯಿತು, ತೆಗೆದವರಿಗೆ ಇನ್ನೊಂದು ಘಟಕದಲ್ಲಿ ಕೆಲಸ ಕೊಡುತ್ತೇವೆ ಅಂದರು. ಅಷ್ಟು ಹೊತ್ತಿಗೆ ಎಂಟು ತಿಂಗಳಾಗಿತ್ತು. ಸಂಬಳವಿಲ್ಲದ ಎಂಟು ತಿಂಗಳು ಅಂದರೆ ಏನು ಅಂತ ಬಡ್ಡಿಗೆ ಸಾಲ ತಂದವರಿಗೆ ಗೊತ್ತು.

ಅದಕ್ಕಿಂತ ದೊಡ್ಡದು, ಆದರೆ ಯಾರ ಕಣ್ಣಿಗೂ ಬೀಳದೆ ನಡೆದದ್ದು ತುಟ್ಟಿಭತ್ಯೆಯ (ಡಿಎ) ಜಗಳ. ಪ್ರತಿ ವರ್ಷ ಏಪ್ರಿಲ್‌ನಲ್ಲಿ ಬೆಲೆ ಏರಿಕೆಗೆ ತಕ್ಕ ಹಾಗೆ ಕನಿಷ್ಠ ಕೂಲಿಯ ಜೊತೆ ಡಿಎ ಏರಬೇಕು. 2020ರಲ್ಲಿ ಅದು ತಿಂಗಳಿಗೆ ಸುಮಾರು 417 ರೂಪಾಯಿ. ಕೊರೊನಾ ಅಂತ ಹೇಳಿ ರಾಜ್ಯ ಸರ್ಕಾರ ಒಂದು ವರ್ಷ ಮುಂದೂಡಿತು. ಯೂನಿಯನ್‌ನವರು ಹೈಕೋರ್ಟಿಗೆ ಹೋದರು, ಕೋರ್ಟು ಕಾರ್ಮಿಕರ ಪರ ನಿಂತಿತು. ಆದರೂ ಫ್ಯಾಕ್ಟರಿಗಳು ಕೊಡಲಿಲ್ಲ! ನಾಲ್ಕು ಲಕ್ಷ ಜನರಿಗೆ, ತಿಂಗಳು ತಿಂಗಳೂ, ಒಬ್ಬೊಬ್ಬರಿಗೆ ನಾನೂರು ಚಿಲ್ಲರೆ ರೂಪಾಯಿ. ಬಿಡಿಬಿಡಿಯಾಗಿ ನೋಡಿದರೆ ಒಂದು ಗ್ಯಾಸ್ ಸಿಲಿಂಡರಿನ ದುಡ್ಡೂ ಅಲ್ಲ, ಕೂಡಿಸಿ ನೋಡಿದರೆ ನೂರಾರು ಕೋಟಿ.

ಅದು ವಾಪಸ್ ಬಂದದ್ದು ಹೇಗೆ ಅನ್ನುವುದು ನನಗೆ ತುಂಬ ಮುಖ್ಯ. ಅಮೆರಿಕದಲ್ಲಿ ವರ್ಕರ್ ರೈಟ್ಸ್ ಕನ್ಸೋರ್ಟಿಯಂ ಅಂತ ಒಂದು ಸಂಸ್ಥೆ ಇದೆ. ನಮ್ಮ ಕಾಲೇಜಿನ ಹೆಸರು ಹಾಕಿದ ಟೀ ಶರ್ಟನ್ನು ಯಾರು, ಯಾವ ಸ್ಥಿತಿಯಲ್ಲಿ ಹೊಲಿಯುತ್ತಾರೆ ಅಂತ ಅಲ್ಲಿನ ವಿದ್ಯಾರ್ಥಿಗಳು ಗಲಾಟೆ ಮಾಡಿದ್ದರಿಂದ 2000ದಲ್ಲಿ ಹುಟ್ಟಿದ್ದು. ಇಲ್ಲಿನ ಯೂನಿಯನ್‌ನವರು ಹಿಡಿದ ಲೆಕ್ಕವನ್ನು ಆ ಸಂಸ್ಥೆ ಬ್ರ್ಯಾಂಡುಗಳ ಮುಂದೆ ಇಟ್ಟಿತು. ನಿಮಗೆ ಬಟ್ಟೆ ಹೊಲಿಸಿಕೊಡುವ ಫ್ಯಾಕ್ಟರಿಗಳು ಕಾನೂನಿನ ಕನಿಷ್ಠ ಕೂಲಿಯನ್ನೂ ಕೊಡುತ್ತಿಲ್ಲ, ಏನು ಮಾಡುತ್ತೀರಿ ಅಂತ ಕೇಳಿತು. ಆಮೇಲೆ 2022ರ ಶುರುವಿನಲ್ಲಿ ದೊಡ್ಡ ರಫ್ತುದಾರರು ಬಾಕಿ ಸಮೇತ ಕೊಡಲು ಶುರುಮಾಡಿದರು. ನಮ್ಮ ಕಾನೂನು, ನಮ್ಮ ಕೋರ್ಟು ಹೇಳಿದ್ದನ್ನು ಜಾರಿ ಮಾಡಿಸಲು ಸಾವಿರಾರು ಮೈಲಿ ದೂರದ ಖರೀದಿದಾರ ಗದರಬೇಕಾಯಿತು. ಇದು ಖುಷಿಯ ಸುದ್ದಿಯೂ ಹೌದು, ಸಿಟ್ಟಿನ ಸುದ್ದಿಯೂ ಹೌದು. ನಮ್ಮ ಕಾರ್ಮಿಕ ಇಲಾಖೆಯ ಇನ್‌ಸ್ಪೆಕ್ಟರಿಗೆ ಬೊಮ್ಮನಹಳ್ಳಿಯೇನು ದೂರವೇ?

ಇಷ್ಟು ಮಾತ್ರ ಸ್ಪಷ್ಟ: ದುಡ್ಡು ದೇಶ ದಾಟಿ ತೀರ್ಮಾನವಾಗುತ್ತಿರುವಾಗ ಜಗಳವೂ ದೇಶ ದಾಟಲೇಬೇಕು. 2013ರ ಏಪ್ರಿಲ್ 24ರಂದು ಢಾಕಾ ಹತ್ತಿರ ಗಾರ್ಮೆಂಟ್ಸ್ ಫ್ಯಾಕ್ಟರಿಗಳಿದ್ದ ರಾಣಾ ಪ್ಲಾಜಾ ಕಟ್ಟಡ ಕುಸಿದು 1,100ಕ್ಕೂ ಹೆಚ್ಚು ಜನ ಸತ್ತ ಮೇಲೆ ಬ್ರ್ಯಾಂಡುಗಳು ಫ್ಯಾಕ್ಟರಿ ಸುರಕ್ಷತೆಗೆ ಕಾನೂನಿಗೆ ಬದ್ಧವಾದ ಒಪ್ಪಂದಕ್ಕೆ ಸಹಿ ಹಾಕಿದವು. ಪಕ್ಕದ ತಮಿಳುನಾಡಿನ ದಿಂಡಿಗಲ್‌ನಲ್ಲಿ ಫ್ಯಾಕ್ಟರಿಯ ಹುಡುಗಿಯೊಬ್ಬಳ ಕೊಲೆಯಾದ ನಂತರ 2022ರಲ್ಲಿ ಯೂನಿಯನ್, ಕಂಪನಿ ಮತ್ತು ಬ್ರ್ಯಾಂಡು ಸೇರಿ ಹೆಣ್ಣುಮಕ್ಕಳ ಸುರಕ್ಷತೆಗೆ ಒಪ್ಪಂದ ಮಾಡಿಕೊಂಡರು. ಪ್ರತಿಯೊಂದಕ್ಕೂ ಮೊದಲು ಸಾವು ಬೇಕಾಯಿತು. ಅದು ನನ್ನನ್ನು ತುಂಬ ಕಾಡುತ್ತದೆ.

ಈ ನಡುವೆ ಫ್ಯಾಕ್ಟರಿಗಳೂ ಜಾಗ ಬದಲಿಸುತ್ತಿವೆ. ಬೆಂಗಳೂರಿಗಿಂತ ಹೊರಗಿನ ತಾಲೂಕುಗಳಲ್ಲಿ ಕನಿಷ್ಠ ಕೂಲಿ ಕಡಿಮೆ, ಆದ್ದರಿಂದ ಮದ್ದೂರು, ಮಂಡ್ಯ, ಹಾಸನ, ಶಿವಮೊಗ್ಗ ಕಡೆ ಘಟಕಗಳು ಎದ್ದಿವೆ. ಊರಿನ ಪಕ್ಕದಲ್ಲೇ ಕೆಲಸ ಸಿಕ್ಕಿತು ಅಂತ ಅಲ್ಲಿನವರಿಗೆ ಸಮಾಧಾನ, ಬಾಡಿಗೆ ಉಳಿಯುತ್ತದೆ. 2023ರಿಂದ ಶಕ್ತಿ ಯೋಜನೆಯಲ್ಲಿ ಬಸ್ಸೂ ಫ್ರೀ. ಅದೇ ಹೊತ್ತಿಗೆ ಬೆಂಗಳೂರಿನ ಲೈನುಗಳಲ್ಲಿ ಒಡಿಶಾ, ಜಾರ್ಖಂಡ್, ಅಸ್ಸಾಂನ ಹುಡುಗಿಯರು ತುಂಬಿದ್ದಾರೆ. ಕಂಪನಿಯ ಹಾಸ್ಟೆಲ್ಲಿನಲ್ಲಿ ಇರುತ್ತಾರೆ, ಭಾನುವಾರ ಕೆಲವು ಗಂಟೆ ಹೊರಗೆ ಬಿಡುತ್ತಾರೆ. ಭಾಷೆ ಬೇರೆ, ಗುರುತಿನವರಿಲ್ಲ. ಚಿಕ್ಕಮ್ಮನ ಪಕ್ಕದ ಮಷೀನಿಗೆ ಬಂದ ಒಡಿಶಾದ ಹುಡುಗಿಗೆ "ಟಾರ್ಗೆಟ್", "ಜಲ್ದಿ" ಎರಡೇ ಮಾತು ಮೊದಲು ಬಂದವಂತೆ. ಯೂನಿಯನ್ ಕರಪತ್ರ ಕನ್ನಡದಲ್ಲಿದ್ದರೆ ಅವಳು ಓದುವುದು ಹೇಗೆ? ಬೆಂಗಳೂರಿನ ಯೂನಿಯನ್‌ಗಳು ಈಗ ಹಿಂದಿ, ಒಡಿಯಾ ಬಲ್ಲವರನ್ನು ಹುಡುಕಬೇಕಾಗಿದೆ. ಕನ್ನಡದವರಿಗೇ ಕೆಲಸ ಕೊಡಿ ಅನ್ನುವ ಕೂಗು ನನಗೆ ಅರ್ಥವಾಗುತ್ತದೆ. ಆದರೆ ಆ ಹುಡುಗಿಯನ್ನು ಹೊರಗಿನವಳು ಅಂತ ದೂರ ಇಟ್ಟಷ್ಟೂ ಲಾಭ ಯಾರಿಗೆ ಅಂತ ಯೋಚಿಸಬೇಕು. ಅವಳ ಕೂಲಿ ಇಳಿದರೆ ಮದ್ದೂರಿನವಳ ಕೂಲಿಯೂ ಏರುವುದಿಲ್ಲ.

2025ರ ಆಗಸ್ಟ್‌ನಲ್ಲಿ ಅಮೆರಿಕ ನಮ್ಮ ಸರಕಿನ ಮೇಲೆ ಶೇ 50 ಸುಂಕ ಹಾಕಿದಾಗ ಪೇಪರಿನಲ್ಲಿ ರಫ್ತುದಾರರ ನಷ್ಟದ ಲೆಕ್ಕ ದಿನವೂ ಬಂತು. ಸುಂಕದ ಹೊರೆಯಲ್ಲಿ ಬ್ರ್ಯಾಂಡು ಎಷ್ಟು ಹೊರುತ್ತದೆ, ಫ್ಯಾಕ್ಟರಿ ಎಷ್ಟು, ಗಿರಾಕಿ ಎಷ್ಟು ಅಂತ ತಜ್ಞರು ಮಾತಾಡಿದರು. ಲೈನಿನಲ್ಲಿ ಕೂತವಳು ಎಷ್ಟು ಹೊರುತ್ತಾಳೆ ಅನ್ನುವ ಪ್ರಶ್ನೆಯನ್ನು ಕೇಳಿದವರು ಯೂನಿಯನ್‌ನವರು ಬಿಟ್ಟರೆ ಬಹಳ ಕಡಿಮೆ.

ಚಿಕ್ಕಮ್ಮ ಈಗ ಫ್ಯಾಕ್ಟರಿಗೆ ಹೋಗುತ್ತಿಲ್ಲ. ಸೊಂಟ ನೋವು ಅಂತ ಬಿಟ್ಟರು, ಮನೆಯಲ್ಲೇ ಬ್ಲೌಸು, ಫಾಲ್ಸ್ ಹೊಲಿಯುತ್ತಾರೆ. ಮಗಳು ಡಿಗ್ರಿ ಮುಗಿಸಿ ಕೆಲಸಕ್ಕೆ ಸೇರಿದ್ದಾಳೆ. ಮಗ ಬೈಕ್ ತಗೊಂಡು ಡೆಲಿವರಿಗೆ ಸೇರಿದ್ದಾನೆ. ಅವನು ಸೇರಿದ ದಿನ ಚಿಕ್ಕಮ್ಮ ಕೇಳಿದ್ದು ಸಂಬಳ ಎಷ್ಟು ಅಂತಲ್ಲ. "ಪಿಎಫ್ ಹಿಡಿತಾರೇನೋ?" ಅಂದರು. ಇಲ್ಲ ಅಂದ. "ಇಎಸ್ಐ?" ಅದೂ ಇಲ್ಲ ಅಂದ. "ಹಂಗಾದ್ರೆ ಕೈಕಾಲ್ ಮುರ್ಕೊಂಡ್ರೆ ಯಾರ್ನ ಕೇಳ್ತೀಯ?" ಅದಕ್ಕೆ ಅವನ ಹತ್ತಿರ ಉತ್ತರ ಇರಲಿಲ್ಲ. ಆ್ಯಪ್ ಅವನನ್ನು ನೌಕರ ಅನ್ನುವುದೇ ಇಲ್ಲ, ಪಾರ್ಟ್‌ನರ್ ಅನ್ನುತ್ತದೆ.

ಅವನಂಥವರಿಗೆ ಅಂತ ನಮ್ಮ ರಾಜ್ಯದಲ್ಲಿ 2025ರಲ್ಲಿ ಒಂದು ಕಾನೂನು ಬಂದಿದೆ. ಒಂದೊಂದು ಡೆಲಿವರಿಗೆ ಹುಡುಗನಿಗೆ ಕೊಡುವ ಹಣದ ಮೇಲೆ ಕಂಪನಿಗಳು ಶೇ 1ರಿಂದ 5ರ ತನಕ ಕಲ್ಯಾಣ ನಿಧಿಗೆ ಕಟ್ಟಬೇಕು, ಕಾರಣ ಹೇಳದೆ ಐಡಿ ಬ್ಲಾಕ್ ಮಾಡುವ ಹಾಗಿಲ್ಲ. ಇದಕ್ಕೂ ಡೆಲಿವರಿ ಹುಡುಗರು, ಕ್ಯಾಬ್ ಚಾಲಕರ ಸಂಘಗಳು ವರ್ಷಗಟ್ಟಲೆ ಓಡಾಡಿದ್ದಾರೆ. ನಾನು ಹೋದಾಗ ಇದನ್ನೆಲ್ಲ ಚಿಕ್ಕಮ್ಮನಿಗೆ ವಿವರಿಸಿದೆ. ಬ್ಲೌಸಿನ ಹೆಮ್ಮಿಂಗ್ ಮಾಡುತ್ತಾ ಪೂರ್ತಿ ಕೇಳಿಸಿಕೊಂಡರು. ಆ ದುಡ್ಡು ಅವನ ಹೆಸರಿನಲ್ಲೇ ಜಮಾ ಆಗುತ್ತಾ, ಬೇಕಾದಾಗ ತೆಗೆಯಬಹುದಾ, ಪಾಸ್‌ಬುಕ್ ಎಲ್ಲಿ ಸಿಗುತ್ತದೆ ಅಂತ ಒಂದೊಂದಾಗಿ ಕೇಳಿದರು. ಅದು ಎಲ್ಲರಿಗೂ ಸೇರಿದ ನಿಧಿ, ಪಿಎಫ್ ಥರ ಒಬ್ಬೊಬ್ಬರ ಖಾತೆಯಲ್ಲ ಅಂದೆ. ಅವರಿಗೆ ಅದು ಒಪ್ಪಿಗೆಯಾಗಲಿಲ್ಲ. ಮಗನನ್ನು ಕರೆದು, ಬರುವ ಭಾನುವಾರ ನಿಮ್ಮ ಸಂಘದವರ ಮೀಟಿಂಗ್ ಇದ್ದರೆ ಹೋಗಿ ಇದನ್ನು ಕೇಳಿಕೊಂಡು ಬಾ, ಸುಮ್ನೆ ಕೂರಬೇಡ ಅಂದರು.